ಓ'ಬ್ರಿಯನ್ ಯಾರ ಮೊಮ್ಮಗ? ಮಂಗಳೂರಿನಲ್ಲಿ ಕೂತು ಐರಿಷ್ ಸರ್‌ನೇಮಿನ ಜಾಡು ಹಿಡಿಯುವ ಬಗೆ

ಡಿ'ಸೋಜ, ಡಿ'ಕುನ್ಹ ಎಂದು ಬರೆದ ಗೇಟಿನ ಫಲಕಗಳನ್ನು ನೋಡಿ ಬೆಳೆದ ಮಂಗಳೂರಿನ ಕಣ್ಣಿಗೆ ಓ'ಬ್ರಿಯನ್, ಓ'ಕಾನರ್ ಕೂಡ ಅದೇ ಬಗೆಯ ಹೆಸರು ಅನಿಸುತ್ತದೆ. ನಡುವೆ ಅದೇ ಸಣ್ಣ ಕೊಕ್ಕೆ ಇದೆಯಲ್ಲ! ಮೊದಲು ತಿದ್ದಿಕೊಳ್ಳಬೇಕಾದದ್ದು ಇದನ್ನೇ. ಡಿ'ಸೋಜದ ಡಿ ಪೋರ್ಚುಗೀಸರ 'ದೆ', ಅಂದರೆ 'ಅಲ್ಲಿಯ'. ಸೋಜ ಪೋರ್ಚುಗಲ್ಲಿನ ಉತ್ತರ ಭಾಗದ ಒಂದು ಹೊಳೆ. ಹಾಗಾಗಿ ಅದು ಊರು ಹೇಳುವ ಹೆಸರು. ಐರಿಷ್ ಭಾಷೆಯ ಓ ಊರು ಹೇಳುವುದಿಲ್ಲ, ಆಳನ್ನು ಹೇಳುತ್ತದೆ. ಓ ಎಂದರೆ ಮೊಮ್ಮಗ, ವಿಸ್ತರಿಸಿದರೆ ವಂಶದವನು. ಮ್ಯಾಕ್ ಎಂದರೆ ಮಗ. ಓ ಬ್ರಿಯನ್ ಎಂದರೆ ಬ್ರಿಯನ್ ಎಂಬವನ ವಂಶದವನು.

ಆ ಕೊಕ್ಕೆ ಬಂದದ್ದು ಇಂಗ್ಲಿಷ್ ಬರವಣಿಗೆಯಿಂದ. ಐರಿಷಿನಲ್ಲಿ ಓ ಅಕ್ಷರದ ತಲೆಯ ಮೇಲೆ ಒಂದು ಓರೆ ಗೆರೆ ಇರುತ್ತದೆ. ಅದಕ್ಕೆ 'ಶೀನೆ ಫಾದಾ' ಎನ್ನುತ್ತಾರೆ, ಉದ್ದ ಎಳೆತ ಎಂಬ ಅರ್ಥ. ನಮ್ಮ ದೀರ್ಘವೇ ಅದು. ಇಂಗ್ಲಿಷಿನಲ್ಲಿ ಬರೆದವರ ಕೈಯಲ್ಲಿ ಆ ಗೆರೆ ಪಕ್ಕಕ್ಕೆ ಜಾರಿ ಅಲ್ಪವಿರಾಮದಂತೆ ನೇತುಕೊಂಡಿತು. ಕನ್ನಡದ 'ಓ'ದಲ್ಲಿ ದೀರ್ಘ ಈಗಾಗಲೇ ಇರುವುದರಿಂದ ಓಬ್ರಿಯನ್ ಎಂದು ಬರೆದರೂ ಏನೂ ಕಳೆದುಹೋಗುವುದಿಲ್ಲ. ಪತ್ರಿಕೆಗಳು ಡಿಸೋಜ ಎಂದು ಬರೆಯುತ್ತಿಲ್ಲವೇ, ಹಾಗೆಯೇ.

ಹುಡುಕಾಟಕ್ಕೆ ಮಾತ್ರ ಈ ಕೊಕ್ಕೆ ದೊಡ್ಡ ತಲೆನೋವು. ಪಾಸ್‌ಪೋರ್ಟಿನಲ್ಲಿ ಒಂದು ಥರ, ಮಾರ್ಕ್ಸ್‌ಕಾರ್ಡಿನಲ್ಲಿ ಇನ್ನೊಂದು ಥರ ಹೆಸರಿರುವ ಡಿ'ಸೋಜರಿಗೆ ಇದನ್ನು ವಿವರಿಸಬೇಕಾಗಿಲ್ಲ. ಕಂಪ್ಯೂಟರಿನ ಎದುರು ಕೂರುವ ಮೊದಲು ಒಂದು ಹಾಳೆಯಲ್ಲಿ ಎಲ್ಲ ರೂಪಗಳನ್ನೂ ಬರೆದುಕೊಳ್ಳಿ: ಕೊಕ್ಕೆ ಇರುವುದು, ಕೊಕ್ಕೆಯ ಬದಲು ಜಾಗ ಬಿಟ್ಟದ್ದು, ಎರಡೂ ಇಲ್ಲದೆ ಕೂಡಿಸಿದ್ದು, ಓ ಇಲ್ಲದ ಬರೀ ಬ್ರಿಯನ್, ಕೊನೆಯಲ್ಲಿ ಇ-ಎನ್ ಬದಲು ಎ-ಎನ್ ಇರುವುದು, ನಡುವೆ ಐ ಬದಲು ವೈ ಇರುವುದು. ಒಂದೊಂದನ್ನೂ ಬೇರೆ ಬೇರೆ ಹುಡುಕಬೇಕು. ನಕ್ಷತ್ರ ಚಿಹ್ನೆ ಒಪ್ಪುವ ತಾಣವಾದರೆ ಬಿ-ಆರ್ ಆದ ಮೇಲೆ ನಕ್ಷತ್ರ ಹಾಕಿದರೆ ಸ್ವಲ್ಪ ಶ್ರಮ ಉಳಿಯುತ್ತದೆ. ಓ ಇಲ್ಲದ ರೂಪವನ್ನಂತೂ ಬಿಡಲೇಬೇಡಿ. 17 ಮತ್ತು 18ನೇ ಶತಮಾನಗಳಲ್ಲಿ ಇಂಗ್ಲಿಷ್ ಆಳ್ವಿಕೆಯ ಒತ್ತಡದಲ್ಲಿ ಸಾವಿರಾರು ಮನೆಗಳು ಓ ಮತ್ತು ಮ್ಯಾಕ್ ಬಿಟ್ಟುಕೊಟ್ಟವು. 19ನೇ ಶತಮಾನದ ಕೊನೆಗೆ ಐರಿಷ್ ಭಾಷೆಯ ಚಳವಳಿ ಎದ್ದಾಗ ಹಲವರು ಮತ್ತೆ ಹಾಕಿಕೊಂಡರು. ಅಜ್ಜ ಬ್ರಿಯನ್, ಮೊಮ್ಮಗ ಓ'ಬ್ರಿಯನ್ ಎಂದಿದ್ದರೆ ಗಾಬರಿ ಬೇಡ. ಆದರೆ ಬರ್ನ್ ಎಂಬ ಹೆಸರನ್ನು ಈ ಪಟ್ಟಿಗೆ ಸೇರಿಸಬೇಡಿ. ಅದು ಓ ಬ್ರನ್ ಎಂಬ ಬೇರೆಯೇ ವಂಶ, ಪೂರ್ವದ ವಿಕ್ಲೋ ಕಡೆಯದು.

ಸರ್‌ನೇಮ್ ಒಂದೇ, ಬಳಿ ಬೇರೆ

ಶೆಟ್ಟಿ ಎಂದ ಮಾತ್ರಕ್ಕೆ ಎಲ್ಲ ಶೆಟ್ಟರೂ ಒಂದೇ ಬಳಿಯವರಲ್ಲ, ಅಂದರೆ ಒಂದೇ ಕುಲದವರಲ್ಲ, ಎಂಬುದು ತುಳುನಾಡಿನಲ್ಲಿ ಮದುವೆ ಮಾತು ಎತ್ತಿದವರಿಗೆಲ್ಲ ಗೊತ್ತು. ಐರ್ಲೆಂಡಿನಲ್ಲೂ ಇದೇ ಕತೆ. ಓ'ಕಾನರ್ ಎಂಬ ಹೆಸರು ಕನಾಟ್, ಕೆರಿ, ಆಫಲಿ ಹೀಗೆ ಬೇರೆ ಬೇರೆ ಕಡೆ, ಒಂದಕ್ಕೊಂದು ಸಂಬಂಧವಿಲ್ಲದೆ ಹುಟ್ಟಿದೆ. ವ್ಯತ್ಯಾಸವೆಂದರೆ ಬಳಿ ತಾಯಿಯ ಕಡೆಯಿಂದ ಇಳಿಯುತ್ತದೆ, ಓ ಮತ್ತು ಮ್ಯಾಕ್ ತಂದೆಯ ಕಡೆಯಿಂದ. ಅಳಿಯಕಟ್ಟಿನ ಲೆಕ್ಕವನ್ನು ಅಲ್ಲಿಗೆ ಒಯ್ದರೆ ವಂಶವೃಕ್ಷ ತಲೆಕೆಳಗಾದೀತು.

ಆದ್ದರಿಂದ ಹೆಸರಿಗಿಂತ ಮೊದಲು ಊರು ಬೇಕು. ಇಲ್ಲಿ 'ಯಾವ ಗುತ್ತು, ಯಾವ ಬರ್ಕೆ' ಎಂದು ಕೇಳುವಂತೆ ಅಲ್ಲಿ ಕೇಳಬೇಕಾದದ್ದು 'ಯಾವ ಟೌನ್‌ಲ್ಯಾಂಡ್' ಎಂದು. ಹೆಸರಿನಲ್ಲಿ ಟೌನ್ ಇದ್ದರೂ ಅದು ಪಟ್ಟಣವಲ್ಲ, ಕೆಲವೇ ಮನೆಗಳ ಒಂದು ಬೈಲು ಎನ್ನಬಹುದು. ಇಂಥವು ಇಡೀ ದ್ವೀಪದಲ್ಲಿ 60,000ಕ್ಕೂ ಹೆಚ್ಚಿವೆ, ಒಂದೇ ಹೆಸರಿನವು ಹತ್ತಾರು ಕಡೆ ಇವೆ. ಟೌನ್‌ಲ್ಯಾಂಡ್, ಪ್ಯಾರಿಷ್ (ಹಲವು ಟೌನ್‌ಲ್ಯಾಂಡುಗಳ ವಲಯ), ಕೌಂಟಿ (ಜಿಲ್ಲೆ) ಮೂರನ್ನೂ ಒಟ್ಟಿಗೆ ಬರೆದುಕೊಳ್ಳದಿದ್ದರೆ ಮುಂದಿನ ಕೆಲಸ ವ್ಯರ್ಥ. ಸರಕಾರಿ ಪ್ಯಾರಿಷ್ ಮತ್ತು ಕಥೊಲಿಕ್ ಇಗರ್ಜಿಯ ಪ್ಯಾರಿಷ್ ಒಂದೇ ಗಡಿಯವಲ್ಲ ಎಂಬುದನ್ನೂ ನೆನಪಿಡಿ.

ಈಚಿನಿಂದ ಹಿಂದಕ್ಕೆ

ದಾಖಲೆಗಳನ್ನು ಈಚಿನದರಿಂದ ಹಿಂದಕ್ಕೆ ನೋಡಬೇಕು. ಓ'ಬ್ರಿಯನ್‌ಗಳ ಮೂಲಪುರುಷನಾದ ಬ್ರಿಯನ್ ಬೊರು ದೊರೆಯಿಂದ ಶುರುಮಾಡಿ ಕೆಳಗಿಳಿಯಲು ಹೊರಟವರು ದಾರಿ ತಪ್ಪುತ್ತಾರೆ, ಯಾಕೆಂದರೆ ಮಧ್ಯದ ಕೊಂಡಿಗಳು ಸುಟ್ಟುಹೋಗಿವೆ. 1922ರ ಜೂನ್ 30ರಂದು ಡಬ್ಲಿನ್ನಿನ ಫೋರ್ ಕೋರ್ಟ್ಸ್ ಆವರಣದಲ್ಲಿದ್ದ ದಾಖಲೆ ಕಚೇರಿ ಅಂತರ್ಯುದ್ಧದಲ್ಲಿ ಬೆಂಕಿಗೆ ಬಿತ್ತು. 1821ರಿಂದ 1851ರವರೆಗಿನ ಜನಗಣತಿ ಬಹುಪಾಲು ಅಲ್ಲೇ ಬೂದಿಯಾಯಿತು. 1861ರಿಂದ 1891ರವರೆಗಿನ ಗಣತಿಯ ಹಾಳೆಗಳನ್ನು ಸರಕಾರವೇ ಅದಕ್ಕೂ ಮೊದಲೇ ನಾಶಮಾಡಿತ್ತು. ಹಾಗಾಗಿ 1901 ಮತ್ತು 1911ರ ಗಣತಿಯೇ ಮೊದಲ ಮೆಟ್ಟಿಲು. ಎರಡೂ ಐರ್ಲೆಂಡಿನ ರಾಷ್ಟ್ರೀಯ ಪತ್ರಾಗಾರದ ತಾಣದಲ್ಲಿ ಉಚಿತ. ಮನೆಯ ಯಜಮಾನ ತುಂಬಿದ ನಮೂನೆಯ ಚಿತ್ರವನ್ನೇ ತೆರೆದು ನೋಡಿ. ಟೈಪು ಮಾಡಿದ ಪಟ್ಟಿಯಲ್ಲಿ ಓದುವವರ ತಪ್ಪುಗಳು ಇರುತ್ತವೆ. 1911ರಲ್ಲಿ ಕೆಲವರು ನಮೂನೆಯನ್ನು ಐರಿಷ್ ಭಾಷೆಯಲ್ಲೇ ತುಂಬಿದ್ದಾರೆ. ಇಂಗ್ಲಿಷ್ ರೂಪದಲ್ಲಿ ಮಾತ್ರ ಹುಡುಕಿದರೆ ಆ ಮನೆಗಳು ಸಿಗುವುದಿಲ್ಲ. 1911ರ ನಮೂನೆಯಲ್ಲಿ ಮದುವೆಯಾಗಿ ಎಷ್ಟು ವರ್ಷ, ಹುಟ್ಟಿದ ಮಕ್ಕಳೆಷ್ಟು, ಬದುಕಿರುವವರೆಷ್ಟು ಎಂಬ ಕಾಲಮುಗಳೂ ಇವೆ. ಹಿಂದಿನ ಮದುವೆ ದಾಖಲೆ ಹುಡುಕಲು ಇದಕ್ಕಿಂತ ಒಳ್ಳೆಯ ಸುಳಿವಿಲ್ಲ.

ವಯಸ್ಸಿನ ಕಾಲಮನ್ನು ಮಾತ್ರ ನಂಬಬೇಡಿ. 1901ರಲ್ಲಿ 54 ಎಂದಿದ್ದ ಮುದುಕ 1911ರಲ್ಲಿ 71 ಆಗಿರುವುದು ಸಾಮಾನ್ಯ. 1908ರಲ್ಲಿ ವೃದ್ಧಾಪ್ಯ ವೇತನದ ಕಾಯ್ದೆ ಬಂತು, 70 ತುಂಬಿದವರಿಗೆ ಹಣ. ಜನನ ನೋಂದಣಿಯೇ ಇಲ್ಲದ ಕಾಲದಲ್ಲಿ ಹುಟ್ಟಿದವರು, ಯಾರು ಲೆಕ್ಕ ಕೇಳುತ್ತಾರೆ!

ಸರಕಾರಿ ಜನನ, ಮರಣ, ಮದುವೆ ನೋಂದಣಿ ಎಲ್ಲರಿಗೂ ಶುರುವಾದದ್ದು 1864ರಲ್ಲಿ. ಕಥೊಲಿಕರಲ್ಲದವರ ಮದುವೆ ಮಾತ್ರ 1845ರಿಂದ ಸಿಗುತ್ತದೆ. ಐರಿಷ್ ಸರಕಾರದ 'ಐರಿಷ್ ಜೀನಿಯಾಲಜಿ' ತಾಣದಲ್ಲಿ 100 ವರ್ಷ ದಾಟಿದ ಜನನ, 75 ದಾಟಿದ ಮದುವೆ, 50 ದಾಟಿದ ಮರಣದ ದಾಖಲೆಗಳು ಉಚಿತ. ಅದಕ್ಕೂ ಹಿಂದೆ ಹೋಗಲು ಕಥೊಲಿಕ್ ಇಗರ್ಜಿಯ ಪುಸ್ತಕಗಳೇ ಗತಿ. ಅವು ಆಯಾ ಪ್ಯಾರಿಷಿನಲ್ಲೇ ಇದ್ದುದರಿಂದ ಬೆಂಕಿಯಿಂದ ಬಚಾವಾದವು. ಸುಮಾರು 1880ರವರೆಗಿನ ಪುಟಗಳ ಚಿತ್ರಗಳನ್ನು ರಾಷ್ಟ್ರೀಯ ಗ್ರಂಥಾಲಯ 2015ರಲ್ಲಿ ಅಂತರ್ಜಾಲಕ್ಕೆ ಏರಿಸಿದೆ. ಹೆಸರುಗಳು ಹಲವೆಡೆ ಲ್ಯಾಟಿನ್ ವೇಷದಲ್ಲಿರುತ್ತವೆ: ಯಾಕೋಬುಸ್ ಎಂದರೆ ಜೇಮ್ಸ್, ಗುಲಿಯೆಲ್ಮುಸ್ ಎಂದರೆ ವಿಲಿಯಂ. ಬ್ರಿಯನ್ ಎಂಬ ಮೊದಲ ಹೆಸರು ಕಾಣದಿದ್ದರೆ ಬರ್ನಾರ್ಡ್ ಎಂದು ಹುಡುಕಿ, ಇಂಗ್ಲಿಷಿನಲ್ಲಿ ಹಾಗೆ ಬರೆಯುವುದು ರೂಢಿಯಾಗಿತ್ತು. ಜ್ಞಾನಸ್ನಾನದ ತಾರೀಕು ಜನನದ ತಾರೀಕಿಗಿಂತ ಹಿಂದಿದ್ದರೆ ಇಗರ್ಜಿಯನ್ನೇ ನಂಬಿ. ಮೂರು ತಿಂಗಳೊಳಗೆ ನೋಂದಾಯಿಸದಿದ್ದರೆ ದಂಡವಿತ್ತು, ತಡಮಾಡಿದ ಅಪ್ಪಂದಿರು ತಾರೀಕನ್ನು ಮುಂದಕ್ಕೆ ತಳ್ಳಿ ಹೇಳುತ್ತಿದ್ದರು. ಕಥೊಲಿಕ್ ಪುಸ್ತಕಗಳಲ್ಲಿ ತಾಯಿಯ ತವರಿನ ಸರ್‌ನೇಮ್ ಸಾಮಾನ್ಯವಾಗಿ ಇರುತ್ತದೆ. ಅದನ್ನು ಬರೆದುಕೊಳ್ಳದೆ ಪುಟ ದಾಟಬೇಡಿ, ಒಂದೇ ಪ್ಯಾರಿಷಿನ ನಾಲ್ಕು ಜಾನ್ ಓ'ಬ್ರಿಯನ್‌ರನ್ನು ಬೇರೆ ಮಾಡುವುದು ಅದೇ.

ತೆರಿಗೆಗಾಗಿ ಜಮೀನಿನ ಬೆಲೆ ಕಟ್ಟಿದ, 1847ರಿಂದ 1864ರ ನಡುವೆ ಮುಗಿದ ಗ್ರಿಫಿತ್ ಮೌಲ್ಯಮಾಪನ ನಮ್ಮ ಹಳೆಯ ಅಡಂಗಲ್ ಇದ್ದ ಹಾಗೆ: ಒಂದು ಕಾಲಮಿನಲ್ಲಿ ಗೇಣಿದಾರ, ಪಕ್ಕದಲ್ಲಿ ಧಣಿ, ಆಮೇಲೆ ಜಾಗದ ವಿಸ್ತೀರ್ಣ ಮತ್ತು ಬೆಲೆ. ಹೆಂಡತಿ ಮಕ್ಕಳ ಹೆಸರಿಲ್ಲ. ಒಂದೇ ಬೈಲಿನಲ್ಲಿ ಇಬ್ಬರು ಪ್ಯಾಟ್ರಿಕ್‌ಗಳಿದ್ದರೆ ಆವರಣದಲ್ಲಿ ಅಪ್ಪನ ಹೆಸರೋ, 'ಕೆಂಪ' ಎಂಬಂಥ ಅಡ್ಡಹೆಸರೋ ಇರುತ್ತದೆ, ಇದು ಚಿನ್ನದಂಥ ಮಾಹಿತಿ. ಗೇಣಿದಾರರಲ್ಲಿ ಹೆಚ್ಚಿನವರು ಚಾಲಗೇಣಿಯವರಂತೆ ಧಣಿಯ ಮರ್ಜಿಯಲ್ಲಿದ್ದವರು. ಹತ್ತು ವರ್ಷ ಕಳೆದು ಅದೇ ಬೈಲಿನಲ್ಲಿ ಇಲ್ಲದಿದ್ದರೆ ಸತ್ತರು ಎಂದು ಬರೆಯಬೇಡಿ. ಅದಕ್ಕೂ ಹಿಂದಿನ 1823–37ರ ಟೈದ್ (ಇಗರ್ಜಿಗೆ ಕೊಡಬೇಕಾದ ದಶಾಂಶದ ಕರ) ಪುಸ್ತಕಗಳಲ್ಲಿ ಕೃಷಿಭೂಮಿ ಇದ್ದವರು ಮಾತ್ರ ಇದ್ದಾರೆ. ಪೇಟೆಯವರು ಅಲ್ಲಿ ಸಿಗರು.

ದೊರೆಯ ಕಡೆಯ ಮೆಟ್ಟಿಲುಗಳು

ಸಾಮಾನ್ಯ ಮನೆಯ ಜಾಡು ಬಹಳ ಸಲ 1820ರ ಆಸುಪಾಸಿನಲ್ಲಿ ನಿಲ್ಲುತ್ತದೆ. ಅಲ್ಲಿಂದ ನೇರ ಬ್ರಿಯನ್ ಬೊರು ದೊರೆಗೆ ಹಾರುವ ಆಸೆಯನ್ನು ತಡೆದುಕೊಳ್ಳಿ. ಆದರೆ ಹೆಸರಿನ ಚರಿತ್ರೆಯನ್ನು ಬೇರೆಯಾಗಿ ಬರೆಯಬಹುದು, ಇದಂತೂ ಸೊಗಸಾದ ಚರಿತ್ರೆ. ಬ್ರಿಯನ್ ಬೊರು 1014ರ ಏಪ್ರಿಲ್ 23ರಂದು, ಶುಭ ಶುಕ್ರವಾರದ ದಿನ, ಡಬ್ಲಿನ್ ಬಳಿಯ ಕ್ಲಾಂಟಾರ್ಫ್ ಯುದ್ಧದಲ್ಲಿ ಸತ್ತ. ಅವನು ಓ'ಬ್ರಿಯನ್ ಅಲ್ಲ! ಓ ಎಂದರೆ ಮೊಮ್ಮಗ ತಾನೆ, ತಾತನಿಗೆ ಆ ಹೆಸರು ಬರುವುದು ಹೇಗೆ? ಮನ್‌ಸ್ಟರ್ ದೊರೆಗಳ ಪೀಠವಾಗಿದ್ದ ಕ್ಯಾಶೆಲ್ಲಿನ ಬಂಡೆಯನ್ನು 1101ರಲ್ಲಿ ಇಗರ್ಜಿಗೆ ದಾನಮಾಡಿದ ಮುರ್ಖರ್ತಾಖ್ ಅವನ ಮರಿಮೊಮ್ಮಗ, ಓ ಬ್ರಿಯನ್ ವಂಶದ ದೊರೆ. 1543ರಲ್ಲಿ ಮರೊ ಓ'ಬ್ರಿಯನ್ ದೊರೆತನ ಬಿಟ್ಟುಕೊಟ್ಟು ಎಂಟನೇ ಹೆನ್ರಿಯಿಂದ ಥಾಮಂಡಿನ ಅರ್ಲ್ ಪದವಿ ಪಡೆದ. ಅಲ್ಲಿಂದ ಮುಂದೆ ಈ ಮನೆತನ ಇಂಗ್ಲಿಷರ ಪರ, ವಿರೋಧ ಎರಡೂ ಕಡೆ ಇದೆ: 1647ರಲ್ಲಿ ಕ್ಯಾಶೆಲ್ಲನ್ನೇ ಸುಟ್ಟ ಇಂಚಿಕ್ವಿನ್ನಿನ ಮರೊ ಒಂದೆಡೆ, 1745ರಲ್ಲಿ ಫೊಂಟೆನ್ವಾ ಯುದ್ಧದಲ್ಲಿ ಫ್ರಾನ್ಸಿನ ಪರ ಇಂಗ್ಲಿಷರ ಮೇಲೆ ಐರಿಷ್ ದಳ ನಡೆಸಿದ ಲಾರ್ಡ್ ಕ್ಲೇರ್ ಇನ್ನೊಂದೆಡೆ. ಡ್ರೊಮೊಲ್ಯಾಂಡ್ ಕೋಟೆಮನೆಯಲ್ಲಿ ಹುಟ್ಟಿದ ಪ್ರಾಟೆಸ್ಟಂಟ್ ಜಮೀನ್ದಾರ ವಿಲಿಯಂ ಸ್ಮಿತ್ ಓ'ಬ್ರಿಯನ್ 1848ರ ದಂಗೆಗೆ ಮುಂದಾಳಾಗಿ ಟಾಸ್ಮೇನಿಯಕ್ಕೆ ಗಡೀಪಾರಾದ. 'ಓ ಇದ್ದರೆ ಕಥೊಲಿಕ್, ಬಡವ, ಬಂಡಾಯಗಾರ' ಎಂಬ ಲೆಕ್ಕ ಇಲ್ಲಿ ನಡೆಯದು.

ಮೂರು ಸಿಂಹದ ಲಾಂಛನವಿರುವ ಕಪ್ಪು, ತಟ್ಟೆ ಮಾರುವವರಿದ್ದಾರೆ. ಲಾಂಛನ ಕೊಡುವುದು ವ್ಯಕ್ತಿಗೆ, ಸರ್‌ನೇಮಿಗಲ್ಲ. ಚಹಾಕ್ಕೆ ಆ ಕಪ್ಪು ಆದೀತು, ಪುರಾವೆಗಲ್ಲ.

ಕತೆಯೊಳಗಿನ ಓ'ಬ್ರಿಯನ್

ಸಾಹಿತ್ಯದ ಪ್ರಾಜೆಕ್ಟಿಗೆ ಹುಡುಕುವವರು ಮೊದಲು ಕೇಳಬೇಕಾದದ್ದು: ಹೆಸರು ಹುಟ್ಟಿನದೋ, ತೊಟ್ಟುಕೊಂಡದ್ದೋ? ಲಿಮೆರಿಕ್ಕಿನ ಕೇಟ್ ಓ'ಬ್ರಿಯನ್, ಕ್ಲೇರಿನ ಎಡ್ನಾ ಓ'ಬ್ರಿಯನ್ ಹುಟ್ಟಿನಿಂದಲೇ ಆ ಹೆಸರಿನವರು, ಹಳೆಯ ಥಾಮಂಡ್ ಸೀಮೆಯವರೇ. ಇಬ್ಬರ ಕಾದಂಬರಿಗಳಿಗೂ ಐರ್ಲೆಂಡಿನಲ್ಲಿ ನಿಷೇಧ ಬಿದ್ದಿತ್ತು. ಫ್ಲಾನ್ ಓ'ಬ್ರಿಯನ್ ಮಾತ್ರ ಬ್ರಿಯನ್ ಓ'ನೋಲನ್ ಎಂಬ ಸರಕಾರಿ ನೌಕರನ ಕಾವ್ಯನಾಮ. ಸಮುದ್ರಯಾನದ ಕಾದಂಬರಿಗಳ ಪ್ಯಾಟ್ರಿಕ್ ಓ'ಬ್ರಿಯನ್ ಇಂಗ್ಲೆಂಡಿನಲ್ಲಿ ರಸ್ ಎಂಬ ಸರ್‌ನೇಮಿನಲ್ಲಿ ಹುಟ್ಟಿ 1945ರಲ್ಲಿ ಹೆಸರು ಬದಲಿಸಿದವರು. ಅವರದು ಕೊನೆಯಲ್ಲಿ ಎ-ಎನ್ ಇರುವ ರೂಪ, ಇ-ಎನ್ ಹಾಕಿದರೆ ಗ್ರಂಥಾಲಯದ ಕ್ಯಾಟಲಾಗು ಕೈಕೊಡಬಹುದು. ಹಳೆಯ ಕ್ಯಾಟಲಾಗಾದರೆ ಓ ಮತ್ತು ಬಿ ಎರಡೂ ಅಕ್ಷರಗಳಲ್ಲಿ ನೋಡಿ.

ಪಾತ್ರದ ಹೆಸರಾದರೆ ಲೇಖಕರು ಊರು, ಮೊದಲ ಹೆಸರು ಕೊಟ್ಟಿದ್ದಾರೆಯೇ ನೋಡಿ. 1949ರಲ್ಲಿ ಬಂದ ಆರ್ವೆಲ್ ಕಾದಂಬರಿಯ ಓ'ಬ್ರಿಯನ್‌ಗೆ ಮೊದಲ ಹೆಸರೇ ಇಲ್ಲ. ಅಂಥವನನ್ನು ಕ್ಲೇರಿನ ಇಗರ್ಜಿ ಪುಸ್ತಕಕ್ಕೆ ಕಟ್ಟಿಹಾಕುವುದು ವ್ಯರ್ಥ ಸಾಹಸ. 1890ರ ಜನನ ದಾಖಲೆ ಆಧರಿಸಿ ಐರ್ಲೆಂಡಿನ ಸರ್‌ನೇಮುಗಳನ್ನು ಎಣಿಸಿದ ಮ್ಯಾಥಿಸನ್ ವರದಿಯಲ್ಲಿ ಈ ಹೆಸರು ಮರ್ಫಿ, ಕೆಲ್ಲಿ, ಸಲಿವನ್, ವಾಲ್ಷ್, ಸ್ಮಿತ್ ಆದ ಮೇಲೆ ಆರನೆಯದು, ಅಷ್ಟು ಸಾಮಾನ್ಯ.

ಕನ್ನಡಕ್ಕೆ ತರುವಾಗ ಒಂದು ಗುಂಡಿ ಇದೆ. ಐರಿಷ್ ಹೆಸರಿನಲ್ಲಿ ಬಿ-ಎಚ್ ಕಂಡರೆ ನಮ್ಮ ಕೈ ತಾನಾಗಿ ಭ ಬರೆಯುತ್ತದೆ. ಅದು ವ. ಎಂ-ಎಚ್ ಕೂಡ ವ, ಟಿ-ಎಚ್ ಹ, ಇ ಅಥವಾ ಐ ಮುಂದಿರುವ ಎಸ್ ಶ. ಆದ್ದರಿಂದ ಶಿವಾನ್, ಸಿಯೋಭಾನ್ ಅಲ್ಲ. ಹೆಂಗಸರಿಗೆ ಓ ಹೋಗಿ ನೀ ಬರುತ್ತದೆ, ಹಿಂದೆಯೇ ಬ ವ ಆಗುತ್ತದೆ: ಅಣ್ಣ ಓ ಬ್ರಿಯನ್, ತಂಗಿ ನೀ ವ್ರಿಯನ್. ಆ ಮನೆಗೆ ಮದುವೆಯಾಗಿ ಬಂದವಳಿಗೆ ಓ ಬದಲು 'ಈ' ಎಂಬ ಐರಿಷ್ ಪದ: 'ಈ ವ್ರಿಯನ್'. ಮ್ಯಾಕ್ ಇದ್ದಲ್ಲಿ ಮಗಳಿಗೆ ನಿಕ್. ಹುಡುಕುವ ಹಾಳೆಯಲ್ಲಿ ಈ ಮೂರು ರೂಪಗಳನ್ನೂ ಒಂದೇ ಮನೆಯ ಕೆಳಗೆ ಬರೆದಿಡಿ.