ಕೋಳಿ ಎಲ್ಲೂ ಇಲ್ಲ: ಚಿತ್ರಪುಸ್ತಕ ಮಾಡುವ ನನ್ನ ಬಗೆ

ಕತೆಯೂ ನನ್ನದೇ, ಚಿತ್ರವೂ ನನ್ನದೇ ಆದ್ದರಿಂದ ಕೆಲಸ ಸಲೀಸು ಎಂದು ಹಲವರು ತಿಳಿದಿದ್ದಾರೆ. ಆದರೆ ಬರೆಯುವವಳು, ಬಿಡಿಸುವವಳು ಇಬ್ಬರೂ ಒಂದೇ ತಲೆಯಲ್ಲಿ ವಾಸವಾಗಿರುವುದರಿಂದ ಜಗಳವೇ ಹೆಚ್ಚು. ಬರೆಯುವವಳು ‘ಅಜ್ಜಿಯ ಹಿತ್ತಿಲಲ್ಲಿ ಒಂದು ದೊಡ್ಡ ಹಲಸಿನ ಮರವಿತ್ತು’ ಎಂದು ಶುರು ಮಾಡುತ್ತಾಳೆ. ಬಿಡಿಸುವವಳು ಮರ ಬಿಡಿಸಿ ಮುಗಿಸಿ, ‘ಇನ್ನು ನಿನ್ನ ವಾಕ್ಯ ಯಾಕೆ?’ ಎಂದು ಕೇಳುತ್ತಾಳೆ. ಸಾಮಾನ್ಯವಾಗಿ ಗೆಲ್ಲುವವಳು ಎರಡನೆಯವಳೇ.

ಪುಟ್ಟ ಮಕ್ಕಳ ಪುಸ್ತಕವನ್ನು ಓದುವವರು ದೊಡ್ಡವರು, ನೋಡುವವರು ಮಕ್ಕಳು. ಅಮ್ಮ ಸಾಲು ಓದಿ ಮುಗಿಸುವಷ್ಟರಲ್ಲಿ ಮಗುವಿನ ಕಣ್ಣು ಚಿತ್ರದ ಮೂಲೆ ಮೂಲೆಯನ್ನೂ ಸುತ್ತಿ ಬಂದಿರುತ್ತದೆ. ಕಾಣೆಯಾದ ಕೋಳಿಯ ಕತೆ ಮಾಡುವಾಗ ನಾನು ನೆಚ್ಚಿದ್ದು ಇದನ್ನೇ. ಒಂದು ಪುಟದ ಮೊದಲ ಕರಡಿನಲ್ಲಿ ಅಜ್ಜಿಯ ಸೊಂಟನೋವು, ಕೋಳಿಯ ಬಣ್ಣ, ಅಟ್ಟಕ್ಕೆ ಹಾಕಿದ ಏಣಿ ಎಲ್ಲವೂ ಇದ್ದವು. ಸೊಂಟನೋವು ಅಜ್ಜಿ ಬಗ್ಗಿ ಒರಳುಕಲ್ಲಿನ ಹಿಂದೆ ಇಣುಕುವಾಗ ಬೆನ್ನಿಗೆ ಒತ್ತಿ ಹಿಡಿದ ಎಡಗೈಯಾಯಿತು. ಏಣಿ ಚಿತ್ರದಲ್ಲಿ ನಿಂತಿತು. ಅದರ ಮೇಲ್ತುದಿಯಲ್ಲಿ, ಹಳೆಯ ಬುಟ್ಟಿಯ ಅಂಚಿನಿಂದ ಕೆಂಪು ಜುಟ್ಟು ಮಾತ್ರ ಕಾಣುತ್ತದೆ. ಪುಟದಲ್ಲಿ ಉಳಿದದ್ದು ಮೂರೇ ಪದ: ‘ಕೋಳಿ ಎಲ್ಲೂ ಇಲ್ಲ.’ ಮಗು ‘ಅಲ್ಲಿದೆ!’ ಎಂದು ಕೂಗಬೇಕು, ಅಜ್ಜಿಗೆ ಅದು ಕೇಳಿಸಬಾರದು. ಅಷ್ಟೇ ಆ ಪುಸ್ತಕದ ಗುಟ್ಟು.

ಬಣ್ಣ ಮುಟ್ಟುವ ಮೊದಲು ಡಮ್ಮಿ, ಅಂದರೆ ಪುಸ್ತಕದ ಕಚ್ಚಾ ಮಾದರಿ, ಕಟ್ಟುತ್ತೇನೆ. ನಾಲ್ಕು ಹಾಳೆಗಳನ್ನು ಒಟ್ಟಿಗೆ ಮಡಚಿ ನಡುವೆ ಪಿನ್ ಹೊಡೆದರೆ 16 ಪುಟ. ಪುಟಗಳ ಸಂಖ್ಯೆ ನಮ್ಮ ಇಷ್ಟದಂತೆ ಬರುವುದಿಲ್ಲ. ಪಿನ್ ಹೊಡೆಯುವ ಪುಸ್ತಕದಲ್ಲಿ ಅದು ನಾಲ್ಕು ನಾಲ್ಕಾಗಿಯೇ ಏರುತ್ತದೆ. ಶೀರ್ಷಿಕೆ, ಮುದ್ರಣದ ವಿವರಗಳಿಗೆ ಜಾಗ ಬಿಟ್ಟ ಮೇಲೆ ಕತೆಗೆ ಸಿಗುವುದು ಹದಿಮೂರೋ ಹದಿನಾಲ್ಕೋ ಪುಟ. ಪ್ರಶ್ನೆ ಬಲಪುಟದಲ್ಲಿರಬೇಕು, ಉತ್ತರ ಹಾಳೆ ತಿರುಗಿಸಿದ ಮೇಲಿನ ಎಡಪುಟದಲ್ಲಿ. ಎರಡೂ ಎದುರುಬದುರು ಬಂದರೆ ಕುತೂಹಲ ಅಲ್ಲೇ ಸತ್ತುಹೋಗುತ್ತದೆ.

ಈ ಪೆನ್ಸಿಲ್ ಡಮ್ಮಿಯನ್ನು ಮನೆ ಹತ್ತಿರದ ಅಂಗನವಾಡಿಯಲ್ಲಿ ಓದುತ್ತೇನೆ. ‘ಚೆನ್ನಾಗಿದೆಯಾ?’ ಎಂದು ಕೇಳುವುದಿಲ್ಲ. ಕೇಳಿದರೆ ಮಕ್ಕಳು ಒಕ್ಕೊರಲಿನಿಂದ ಹೌದು ಎನ್ನುತ್ತಾರೆ, ಚಾಕೊಲೇಟ್ ಸಿಗಬಹುದೆಂಬ ಆಸೆಯೂ ಅದರಲ್ಲಿ ಸೇರಿರುತ್ತದೆ. ನಾನು ಗಮನಿಸುವುದು ಹಾಳೆ ತಿರುಗಿಸಲು ಯಾವ ಪುಟದಲ್ಲಿ ಕೈಗಳು ಮುಂದೆ ಬರುತ್ತವೆ, ಯಾವ ಪುಟದಲ್ಲಿ ಯಾರು ಪಕ್ಕದವರ ಜಡೆ ಎಳೆಯುತ್ತಾರೆ ಎಂಬುದನ್ನು. ಜಡೆ ಎಳೆದ ಪುಟಕ್ಕೆ ಕತ್ತರಿ.

ಕನ್ನಡದ ಸಾಲಿಗೆ ಕೆಳಗಡೆ ಜಾಗ ಬೇಕು. ‘ಅಟ್ಟ’ದ ಒತ್ತು ಕೆಳಗಿನ ಸಾಲಿನ ಗುಡಿಸಿಗೆ ತಾಗಿದರೆ, ಈಗಷ್ಟೇ ಓದಲು ಕಲಿಯುತ್ತಿರುವ ಮಗುವಿನ ಕಣ್ಣು ತಡವರಿಸುತ್ತದೆ. ಆದ್ದರಿಂದ ಆಕಾಶವನ್ನೋ ಗೋಡೆಯನ್ನೋ ಮೊದಲೇ ಖಾಲಿ ಬಿಟ್ಟುಕೊಂಡು ಚಿತ್ರ ಕಟ್ಟುತ್ತೇನೆ. ಅಂಗಡಿಯ ಬೋರ್ಡು, ಬಸ್ಸಿನ ಫಲಕಗಳ ಮೇಲಿನ ಅಕ್ಷರಗಳನ್ನು ಚಿತ್ರದೊಳಗೆ ಬರೆಯುವುದಿಲ್ಲ. ಚಿತ್ರಕ್ಕೆ ಅಂಟದಂತೆ, ಕಂಪ್ಯೂಟರಿನಲ್ಲಿ ಬೇರೆ ಪದರದಲ್ಲಿ ಇಡುತ್ತೇನೆ. ಚೆನ್ನೈನ ತೂಲಿಕಾದಂಥ ಪ್ರಕಾಶನ ಒಂದೇ ಚಿತ್ರಪುಸ್ತಕವನ್ನು ಹಲವು ಭಾರತೀಯ ಭಾಷೆಗಳಲ್ಲಿ ತರುತ್ತದೆ. ಬಸ್ಸಿನ ಹಣೆಯ ಮೇಲೆ ಕನ್ನಡವನ್ನು ಬಣ್ಣದಲ್ಲೇ ತೀಡಿಬಿಟ್ಟರೆ ತಮಿಳು ಆವೃತ್ತಿಗೆ ಬಸ್ಸನ್ನೇ ಮತ್ತೆ ಬಿಡಿಸಬೇಕಾದೀತು. ಪರದೆಯ ಮೇಲೆ ಹೊಳೆಯುವ ಎಳೆಹಸಿರು, ನೇರಳೆಗಳು ನಾಲ್ಕು ಶಾಯಿಯ ಮುದ್ರಣದಲ್ಲಿ ಮಂಕಾಗುತ್ತವೆ. ಹಾಗಾಗಿ ಗದ್ದೆಯ ಹಸಿರಿಗೆ ಹಳದಿಯನ್ನು ಧಾರಾಳವಾಗಿ ಬೆರೆಸುತ್ತೇನೆ, ಪ್ರೂಫ್, ಅಂದರೆ ಮುದ್ರಣದ ಮಾದರಿ ಹಾಳೆ, ನೋಡದೆ ಒಪ್ಪಿಗೆ ಕೊಡುವುದಿಲ್ಲ.

ಪ್ರಕಾಶಕರ ಜೊತೆಗಿನ ಒಪ್ಪಂದದ ವಿಷಯದಲ್ಲಿ ಸಂಕೋಚ ಬೇಡ. 1957ರ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಹಕ್ಕಿನ ವರ್ಗಾವಣೆ ಲಿಖಿತವಾಗಿರಬೇಕು. ಪತ್ರದಲ್ಲಿ ಅವಧಿ ಹೇಳದಿದ್ದರೆ ಐದು ವರ್ಷ, ಪ್ರದೇಶ ಹೇಳದಿದ್ದರೆ ಭಾರತ ಎಂದೇ ಅರ್ಥ. ‘ಎಲ್ಲ ಹಕ್ಕುಗಳೂ, ಎಂದೆಂದಿಗೂ’ ಎಂಬ ಸಾಲು ಕಂಡರೆ ನಾನು ಗೆರೆ ಎಳೆದು ವಾಪಸು ಕಳಿಸುತ್ತೇನೆ. ಎಷ್ಟೋ ಸಲ ಪ್ರಕಾಶಕರು ಸುಮ್ಮನೆ ಒಪ್ಪಿಕೊಳ್ಳುತ್ತಾರೆ, ಕೆಲವೊಮ್ಮೆ ಕೆಲಸವೇ ಹೋಗುತ್ತದೆ. ಮುಕ್ತ ಪರವಾನಗಿಯ ಲೆಕ್ಕ ಬೇರೆ. ಬೆಂಗಳೂರಿನ ಪ್ರಕಾಶನ ಸಂಸ್ಥೆ ಪ್ರಥಮ್ ಬುಕ್ಸ್ 2015ರಲ್ಲಿ ಆರಂಭಿಸಿದ ಸ್ಟೋರಿವೀವರ್ ಎಂಬ ಜಾಲತಾಣದಲ್ಲಿರುವ ಕತೆಗಳನ್ನು, ಕರ್ತೃಗಳ ಹೆಸರು ನಮೂದಿಸಿ ಯಾರು ಬೇಕಾದರೂ ಅನುವಾದಿಸಬಹುದು, ಮುದ್ರಿಸಬಹುದು. ಕತೆ ದೂರ ಹೋಗುತ್ತದೆ. ಹೋದಲ್ಲಿಂದೆಲ್ಲ ಮನಿಯಾರ್ಡರ್ ಬರುವುದಿಲ್ಲ.

ಇನ್ನು ಸಂಪಾದನೆ. 60 ರೂಪಾಯಿಯ ಪುಸ್ತಕಕ್ಕೆ ಹತ್ತು ಪರ್ಸೆಂಟ್ ಗೌರವಧನ ಎಂದರೆ ಪ್ರತಿಗೆ ಆರು ರೂಪಾಯಿ. ಕತೆ ಬರೆದವರೂ ಚಿತ್ರ ಬಿಡಿಸಿದವರೂ ಬೇರೆಯಾದರೆ ಅದರಲ್ಲೂ ಪಾಲು. ಎರಡೂ ನಾನೇ ಆದ್ದರಿಂದ ಆರೂ ನನಗೇ ಸಿಗುತ್ತವೆ. ಇದರಿಂದ ಮನೆ ಬಾಡಿಗೆ ಕಟ್ಟಲಾಗುವುದಿಲ್ಲ. ಪಠ್ಯಪುಸ್ತಕಗಳಿಗೆ, ಪತ್ರಿಕೆಗಳ ದೀಪಾವಳಿ ಸಂಚಿಕೆಗಳಿಗೆ ಚಿತ್ರ ಬರೆಯುತ್ತೇನೆ, ಶಾಲೆಗಳಲ್ಲಿ ಶಿಬಿರ ನಡೆಸುತ್ತೇನೆ. ಬಣ್ಣ ನಿಜವಾಗಿ ಕಾಣುವ ಬೆಳಗಿನ ಹೊತ್ತನ್ನು ಚಿತ್ರಪುಸ್ತಕಕ್ಕೆಂದು ಮೀಸಲಿಟ್ಟಿದ್ದೇನೆ. ಬಿಲ್ಲು ಬರೆಯುವುದು, ಬಾಕಿ ಹಣಕ್ಕಾಗಿ ಫೋನ್ ಮಾಡುವುದು ಎಲ್ಲ ಊಟದ ನಂತರ.