ಸೆಲೆಗಲ್ಲಿಗೆ ತೂಕ ಬಂದದ್ದು

ಸೆಲೆಗಲ್ಲು ಎಂಬ ಖನಿಜ ಭೂಮಿಯ ಮೇಲೆ ಎಲ್ಲಿಯೂ ಇಲ್ಲ, ನನ್ನ ಕಾದಂಬರಿಯ ಏಳೂರ ಸೀಮೆಯಲ್ಲಿ ಮಾತ್ರ ಇದೆ. ಅದನ್ನು ಕಟ್ಟಲು ನಾಲ್ಕು ವರ್ಷ ಹಿಡಿಯಿತು. ಮೊದಲ ಎರಡು ವರ್ಷ ಪೂರ್ತಿ ದಂಡ.

ಮೊದಲ ಕರಡಿನಲ್ಲಿ ಅದು ನೀಲಿಯಾಗಿ ಹೊಳೆಯುವ ಹರಳಾಗಿತ್ತು. ಮಂತ್ರ ಹೇಳಿದರೆ ಬತ್ತಿದ ಬಾವಿ ತುಂಬುತ್ತಿತ್ತು, ಗಾಯ ಮಾಯುತ್ತಿತ್ತು, ಬೇಕೆಂದಾಗ ಶತ್ರುವಿನ ಮೇಲೆ ಸಿಡಿಲೂ ಬೀಳುತ್ತಿತ್ತು. ಓದಿದ ಅಕ್ಕನ ಮಗಳು, "ಮಾಮ, ಇಂಥ ಕಲ್ಲು ಕೈಯಲ್ಲಿದ್ದೂ ಇವರು ಮುನ್ನೂರು ಪುಟ ಯಾಕೆ ಅಳುತ್ತಾರೆ?" ಎಂದು ಕೇಳಿದಳು. ನನ್ನ ಬಳಿ ಉತ್ತರವಿರಲಿಲ್ಲ.

ಇದಕ್ಕಿಂತ ನಾಚಿಕೆಯ ಸಂಗತಿ ಇನ್ನೊಂದಿದೆ. ನಾನು ಆರು ವರ್ಷ ಭೀಮಸಮುದ್ರದ ಕಡೆ ವೇಬ್ರಿಡ್ಜ್‌ನಲ್ಲಿ ಕುಳಿತು ಅದಿರಿನ ಲಾರಿಗಳ ತೂಕ ಬರೆದವನು. 2011ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟ್ ಚಿತ್ರದುರ್ಗ, ತುಮಕೂರು ಜಿಲ್ಲೆಗಳ ಕಬ್ಬಿಣದ ಗಣಿಗಳನ್ನು ನಿಲ್ಲಿಸಿದಾಗ ನನ್ನ ಕೆಲಸವೂ ನಿಂತಿತು. ಅಡಿಕೆ ತೋಟಗಳ ಮೇಲೆ ಕೆಂಪು ಧೂಳು ಕೂರುವುದನ್ನು ದಿನವೂ ಕಂಡವನು, ಕಥೆ ಬರೆಯಲು ಕೂತಾಗ ಮಾತ್ರ ಎಲ್ಲಿಯದೋ ಗಾಜಿನ ಹರಳನ್ನು ಎರವಲು ತಂದಿದ್ದೆ.

ಹಾಗಾಗಿ ಹರಳನ್ನು ಎಸೆದು ಅದಿರಿನಿಂದಲೇ ಶುರು ಮಾಡಿದೆ. ನಮ್ಮ ಬೀದಿಯಲ್ಲಿ ನಿವೃತ್ತ ಭೂವಿಜ್ಞಾನಿಯೊಬ್ಬರಿದ್ದಾರೆ. ಕಲ್ಲನ್ನು ಗುರುತಿಸುವುದು ಹೇಗೆ ಎಂದು ಕೇಳಿದೆ. ಅವರು ಬಚ್ಚಲುಮನೆಯ ಒಂದು ಹಳೆಯ ಟೈಲ್ಸನ್ನು ಮಗುಚಿ, ಅದರ ಒರಟು ಬೆನ್ನಿನ ಮೇಲೆ ಹೆಮಟೈಟ್ ಎಂಬ ಕಬ್ಬಿಣದ ಅದಿರಿನ ಕರ್ರಗಿನ ತುಂಡನ್ನು ಎಳೆದರು. ಗೆರೆ ಇಟ್ಟಿಗೆಯಂತೆ ಕೆಂಪಾಗಿ ಮೂಡಿತು. "ಮೈಬಣ್ಣ ಮೋಸ ಮಾಡುತ್ತದೆ, ಗೆರೆ ಮಾಡುವುದಿಲ್ಲ. ನಿಮ್ಮ ಕಲ್ಲಿನ ಗೆರೆ ಯಾವ ಬಣ್ಣ?" ಎಂದರು. ನಾನು ಅದನ್ನು ಯೋಚಿಸಿಯೇ ಇರಲಿಲ್ಲ. ಚಿನ್ನದಂತೆ ಹೊಳೆಯುವ ಪೈರೈಟಿನ ಗೆರೆ ಹಸಿರುಗಪ್ಪು ಎಂಬುದನ್ನೂ ಅವರೇ ತೋರಿಸಿದರು. ಗಡಸುತನಕ್ಕೆ ಮೋಸ್ ಎಂಬಾತ 1812ರಲ್ಲಿ ಹತ್ತು ಖನಿಜಗಳ ಏಣಿ ಕಟ್ಟಿದ್ದಾನೆ. ಅದರಲ್ಲಿ ನಮ್ಮ ಉಗುರು ಎರಡೂವರೆಯ ಹತ್ತಿರ ನಿಲ್ಲುತ್ತದೆ, ಗಾಜು ಐದೂವರೆಯ ಹತ್ತಿರ.

ಅಂದು ರಾತ್ರಿ ನೋಟುಪುಸ್ತಕದಲ್ಲಿ ಬರೆದುಕೊಂಡೆ: ಸೆಲೆಗಲ್ಲು ನೋಡಲು ಇದ್ದಿಲು. ಉಗುರಿಗೆ ಗೀರು ಬೀಳದು, ಚಾಕುವಿಗೆ ಬೀಳುತ್ತದೆ. ಮಡಕೆಯ ಚೂರಿನ ಮೇಲೆ ಎಳೆದರೆ ಗೆರೆ ಬಿಳಿ, ನೂರು ಎಣಿಸುವಷ್ಟರಲ್ಲಿ ಅದು ಒದ್ದೆಯಾಗುತ್ತದೆ. ಈ ನಾಲ್ಕು ಸಾಲಿನಿಂದ ಒಂದು ಇಡೀ ಸಂತೆ ಹುಟ್ಟಿತು. ಸೊಂಟಕ್ಕೆ ಮಡಕೆಯ ಚೂರು ಕಟ್ಟಿಕೊಂಡ ಪಾರಖಿಗಳು ಬಂದರು, ಅವರ ಕಣ್ಣು ತಪ್ಪಿಸಿ ಇದ್ದಿಲಿಗೆ ಸುಣ್ಣ ತುಂಬುವ ಕಳ್ಳರು ಬಂದರು. ಎರಡು ವರ್ಷ ಮಿಸುಕದೆ ಕುಳಿತಿದ್ದ ಊರು ಒಂದು ವಾರದಲ್ಲಿ ಓಡಾಡತೊಡಗಿತು.

ತೂಕದ ವಿಷಯಕ್ಕೆ ಯಾರನ್ನೂ ಕೇಳಬೇಕಾಗಲಿಲ್ಲ. ಒಳ್ಳೆಯ ಕಬ್ಬಿಣದ ಅದಿರು ಎಷ್ಟು ಭಾರವೆಂದರೆ, ಲಾರಿ ಅರ್ಧ ಖಾಲಿ ಕಂಡರೂ ಕಾಂಟಾದ ಮೇಲೆ ಮಿತಿ ಮೀರಿರುತ್ತದೆ. ಮಳೆ ಬಿದ್ದ ಮರುದಿನವಂತೂ ಜಗಳ ತಪ್ಪದು. ಹಸಿ ಅದಿರಿನಲ್ಲಿ ನೀರಿನ ತೂಕವೂ ಸೇರಿರುತ್ತದೆ. ಕೊಳ್ಳುವವನು ಅದನ್ನು ಕಳೆಯಬೇಕೆನ್ನುತ್ತಾನೆ, ಮಾರುವವನು ಒಪ್ಪುವುದಿಲ್ಲ, ಬೈಗುಳ ಮಾತ್ರ ಗುಮಾಸ್ತನಿಗೆ. ನೀರು ಕುಡಿಯುವ ಕಲ್ಲಿಗೆ ಇದಕ್ಕಿಂತ ಹೊಂದುವ ಜಗಳ ಯಾವುದಿದೆ? ನನ್ನ ಸೀಮೆಯಲ್ಲಿ ಸೆಲೆಗಲ್ಲನ್ನು ನಡುಬಿಸಿಲಿನಲ್ಲಿ, ಮೂವರು ಸಾಕ್ಷಿಗಳ ಎದುರು ತೂಗುತ್ತಾರೆ. ಕಥಾನಾಯಕಿ ಮಂತ್ರವಾದಿಯಾಗಿದ್ದವಳು ತಕ್ಕಡಿ ಹಿಡಿಯುವವಳಾದಳು.

ಇನ್ನು ಅದರ ಮಾಯೆ. ಐಮಂಗಲದ ಕಡೆ ಮರಡಿಹಳ್ಳಿಯಲ್ಲಿ ದಿಂಬುಗಳನ್ನು ಒಟ್ಟಿದಂತೆ ಕಾಣುವ ಲಾವಾ ಶಿಲೆಗಳಿವೆ, ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕವೆಂದು ಅವನ್ನು ಕಾಪಾಡಿದ್ದಾರೆ. ಸುಮಾರು 250 ಕೋಟಿ ವರ್ಷಗಳ ಹಿಂದೆ ನೀರಿನೊಳಗೆ ಉಕ್ಕಿದ ಲಾವಾ, ಉಕ್ಕಿದ ಹಾಗೆಯೇ ತಣಿದು ಉಂಡೆಗಟ್ಟಿದ್ದು. ಏಪ್ರಿಲ್‌ನ ಬಿಸಿಲಿನಲ್ಲಿ, ಬಾಟಲಿಯ ನೀರು ಮುಗಿದು ನಾಲಗೆ ಒಣಗಿದಾಗ, ನಾನು ಆ ದಿಂಬುಗಳ ಮೇಲೆ ಕೈಯಿಟ್ಟು ನಿಂತಿದ್ದೆ. ಸಮುದ್ರದಲ್ಲಿ ಹುಟ್ಟಿ ಬರದ ಸೀಮೆಗೆ ಬಿದ್ದ ಕಲ್ಲು ನೀರನ್ನು ನೆನೆಸಿಕೊಳ್ಳುತ್ತಲೇ ಇರುತ್ತದೆ ಎಂಬುದು ಅಲ್ಲಿಯೇ ಹೊಳೆದದ್ದು. ಸೆಲೆಗಲ್ಲು ನೀರನ್ನು ಸೃಷ್ಟಿಸುವುದಿಲ್ಲ, ಕರೆಯುತ್ತದೆ. ನನ್ನ ಬಾವಿಗಿಳಿಸಿದರೆ ನಿಮ್ಮ ಬಾವಿ ಬತ್ತುತ್ತದೆ. ಪಕ್ಕದ ಹೊಲದವರು ಬೋರ್‌ವೆಲ್ ಕೊರೆಸಿದ ವಾರದಲ್ಲಿ ತಮ್ಮ ಬೋರಿನಲ್ಲಿ ಗಾಳಿ ಬಂದದ್ದನ್ನು ಕಂಡವರಿಗೆ ಈ ಮಾಯೆಯನ್ನು ವಿವರಿಸಬೇಕಿಲ್ಲ.

ಮಂತ್ರ, ಬೆಳಕು, ಸಿಡಿಲು ಎಲ್ಲವನ್ನೂ ಹೊಡೆದುಹಾಕಿದೆ. ಗಾಯ ಮಾಯುವ ಪ್ರಸಂಗವೊಂದನ್ನು ಬಿಡಲು ಮನಸ್ಸಾಗದೆ ಆರು ತಿಂಗಳು ಇಟ್ಟುಕೊಂಡಿದ್ದೆ, ಕೊನೆಗೆ ಅದೂ ಹೋಯಿತು.

ಈಗ ಬರೆಯುತ್ತಿರುವುದು ಕೋಡಿಯ ಅಧ್ಯಾಯ. 1907ರಲ್ಲಿ ಮುಗಿದ ನಮ್ಮ ಮಾರಿಕಣಿವೆ ಜಲಾಶಯ 1933ರಲ್ಲಿ ತುಂಬಿ ಹರಿದ ಮೇಲೆ ಮತ್ತೆ ಕೋಡಿ ಬಿದ್ದದ್ದು 2022ರಲ್ಲಿ. ಮನೆಮಂದಿಯೆಲ್ಲ ಹೋಗಿ ನೋಡಿ ಬಂದೆವು. ಏಳೂರ ಸೀಮೆಯಲ್ಲೂ ಕೆರೆ ಕೋಡಿ ಬೀಳುತ್ತದೆ, ಒಂದೇ ದಿನದಲ್ಲಿ ಸೆಲೆಗಲ್ಲು ಕಾಸಿಗೆ ಸೇರಾಗುತ್ತದೆ. ಊರೆಲ್ಲ ನೀರು ನೋಡಲು ಹೋಗಿದೆ. ತಕ್ಕಡಿಯವಳ ಮುಂದೆ ಒಬ್ಬನೇ ಮುದುಕ ಒದ್ದೆ ಕಲ್ಲಿನ ಚೀಲ ಇಳಿಸಿ, ನಿನ್ನೆಯ ದರಕ್ಕೆ ತೂಗು ಎನ್ನುತ್ತಿದ್ದಾನೆ. ಅವಳು ಏನು ಮಾಡುತ್ತಾಳೆಂದು ಅಕ್ಕನ ಮಗಳು ಎರಡು ಸಲ ಫೋನ್ ಮಾಡಿ ಕೇಳಿದ್ದಾಳೆ. ಒಣಗಲು ಹರಡು ಎನ್ನುತ್ತಾಳೆ ಎಂಬಲ್ಲಿಯವರೆಗೆ ಬರೆದಿದ್ದೇನೆ.