ನನ್ನ ಹೆಸರು ಬಿಟ್ಟು ಬಂದ ಬಡ್ತಿ ಆದೇಶ

ಬಡ್ತಿ ಆದೇಶ ಬಂದ ದಿನ ಪಟ್ಟಿಯನ್ನು ಮೂರು ಸಲ ಓದಿದೆ. ಜ್ಯೇಷ್ಠತಾ ಪಟ್ಟಿಯಲ್ಲಿ ನನಗಿಂತ ಕೆಳಗಿದ್ದ ಇಬ್ಬರು ಅಧೀಕ್ಷಕರಾಗಿದ್ದರು. ನನ್ನ ಹೆಸರೇ ಇರಲಿಲ್ಲ. ಹದಿನಾರು ವರ್ಷ ಎಫ್‌ಡಿಎ (ಪ್ರಥಮ ದರ್ಜೆ ಸಹಾಯಕಿ) ಆಗಿ ಕೆಲಸ ಮಾಡಿದ್ದೆ. ಒಂದು ನೋಟಿಸ್ ಇಲ್ಲ, ಇಲಾಖಾ ವಿಚಾರಣೆ ಇಲ್ಲ. ಆ ರಾತ್ರಿ ಊಟ ಸೇರಲಿಲ್ಲ.

"ಸುಮ್ನಿರಿ ಮೇಡಂ, ಮುಂದಿನ ಸಲ ಆಗುತ್ತೆ" ಅಂದವರೇ ಜಾಸ್ತಿ. ಹಾಗೆ ಸುಮ್ಮನಿದ್ದಿದ್ದರೆ ಕೇಸೇ ನಿಲ್ಲುತ್ತಿರಲಿಲ್ಲ. ಕಿರಿಯರಿಗೆ ಬಡ್ತಿ ಕೊಟ್ಟದ್ದರ ಬಗ್ಗೆ ತಕರಾರಿದ್ದವರು ಆರು ತಿಂಗಳಲ್ಲಿ, ಹೆಚ್ಚೆಂದರೆ ಒಂದು ವರ್ಷದಲ್ಲಿ ಕೋರ್ಟಿಗೆ ಬರಬೇಕು ಅಂತ ತಮಿಳುನಾಡಿನ ಸದಾಶಿವಸ್ವಾಮಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ.

ಮೊದಲು ಇಲಾಖೆಗೇ ಒಂದು ಪುಟದ ಮನವಿ ಬರೆದೆ. ಟಪಾಲು ವಿಭಾಗದಲ್ಲಿ ಕೊಟ್ಟು, ನನ್ನ ಪ್ರತಿಯ ಮೇಲೆ ತಾರೀಖಿನ ಸೀಲು ಹಾಕಿಸಿಕೊಂಡೆ. ಆ ಸೀಲೇ ಮುಂದೆ ಕೈ ಹಿಡಿಯಿತು. 1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆ ಪ್ರಕಾರ ಮೊದಲು ಇಲಾಖೆಯನ್ನು ಕೇಳಿರಬೇಕು. ಉತ್ತರ ಬರದಿದ್ದರೆ ಆರು ತಿಂಗಳು ಕಾಯಬೇಕು, ಅಲ್ಲಿಂದ ಒಂದು ವರ್ಷದೊಳಗೆ ಸರ್ಕಾರಿ ನೌಕರರ ಕೇಸು ಕೇಳುವ ನ್ಯಾಯಮಂಡಳಿಗೆ ಅರ್ಜಿ ಹಾಕಬೇಕು. ಮತ್ತೆ ಮತ್ತೆ ಮನವಿ ಕೊಡುತ್ತಾ ಕೂತರೆ ಗಡುವು ಮುಂದಕ್ಕೆ ಹೋಗುವುದಿಲ್ಲ. ಎಷ್ಟೋ ಜನ ಎಡವುವುದು ಇಲ್ಲೇ.

ಕಾಯುವ ತಿಂಗಳುಗಳಲ್ಲಿ 10 ರೂಪಾಯಿ ಪೋಸ್ಟಲ್ ಆರ್ಡರ್ ಇಟ್ಟು ಆರ್‌ಟಿಐ ಅರ್ಜಿ ಹಾಕಿದೆ. ಬಡ್ತಿ ಸಮಿತಿಯ ನಡವಳಿ ಮತ್ತು ನನ್ನ ಐದು ವರ್ಷದ ಕಾರ್ಯನಿರ್ವಹಣಾ ವರದಿ ಕೇಳಿದೆ. ಬಂದ ಜೆರಾಕ್ಸ್ ಹಾಳೆಯಲ್ಲಿ ನನ್ನ ಹೆಸರಿನ ಮುಂದೆ ಒಂದೇ ಸಾಲು: "ಪ್ರತಿಕೂಲ ಷರಾ ಇರುವುದರಿಂದ ಪರಿಗಣಿಸಿಲ್ಲ."

ಯಾವ ಷರಾ? ವರದಿ ತಿರುವಿ ಹಾಕಿದೆ. ಮೂರು ವರ್ಷದ ಹಿಂದೆ ಒಬ್ಬ ಅಧಿಕಾರಿ "ಕಡತ ವಿಲೇವಾರಿಯಲ್ಲಿ ವಿಳಂಬ" ಅಂತ ಬರೆದಿದ್ದರು. ಆ ವರ್ಷ ಆರು ತಿಂಗಳು ನನ್ನ ಟೇಬಲ್ಲಿನ ಜೊತೆಗೆ ರಜೆಯಲ್ಲಿದ್ದವರ ಟೇಬಲ್ಲನ್ನೂ ನನಗೇ ಕೊಟ್ಟಿದ್ದರು. ಕೇಳಿದ್ದರೆ ಹೇಳುತ್ತಿದ್ದೆ. ಕೇಳಲೇ ಇಲ್ಲ. ಷರಾ ತಿಳಿಸಿದ ಪತ್ರ ಅಂತ ಕಡತದಲ್ಲಿ ಒಂದು ಚೀಟಿಯೂ ಇರಲಿಲ್ಲ. ಆ ಖಾಲಿ ಜಾಗವೇ ನನ್ನ ಕೇಸು.

ವಕೀಲರು ನನ್ನ ಕರಡು ಅರ್ಜಿ ಓದಿ, "ನನಗೆ ಬಡ್ತಿ ಕೊಡಿಸಬೇಕು" ಅನ್ನುವ ಸಾಲನ್ನು ಹೊಡೆದು ಹಾಕಿದರು. ನನಗೆ ಬೇಜಾರಾಯಿತು. ಅವರು ತಾಳ್ಮೆಯಿಂದ ವಿವರಿಸಿದರು. ಬಡ್ತಿ ಪಡೆಯುವುದು ಹಕ್ಕಲ್ಲ, ಬಡ್ತಿಗೆ ಸರಿಯಾಗಿ ಪರಿಗಣಿಸಲ್ಪಡುವುದು ಹಕ್ಕು. ಸಂವಿಧಾನದ 16ನೇ ವಿಧಿ ಕೊಡುವುದು ಅದನ್ನು. ನ್ಯಾಯಮಂಡಳಿ ಸಮಿತಿಯ ಕುರ್ಚಿಯಲ್ಲಿ ಕೂತು ಯಾರು ಯೋಗ್ಯರು ಅಂತ ತೂಗುವುದಿಲ್ಲ. ನಿಯಮ ಪಾಲಿಸಿದ್ದಾರಾ, ನೋಡಬಾರದ್ದನ್ನು ನೋಡಿದ್ದಾರಾ, ನೋಡಬೇಕಾದ್ದನ್ನು ಬಿಟ್ಟಿದ್ದಾರಾ, ಇಷ್ಟನ್ನೇ ನೋಡುತ್ತದೆ. ವರದಿಯಲ್ಲಿ ಏನೇ ಬರೆದಿದ್ದರೂ ನೌಕರರಿಗೆ ತಿಳಿಸಬೇಕು ಅಂತ 2008ರ ದೇವ್ ದತ್ ತೀರ್ಪು ಇದೆ. 2013ರಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಅದನ್ನೇ ಎತ್ತಿಹಿಡಿಯಿತು. ನಮ್ಮ ಅರ್ಜಿ ನಿಂತದ್ದು ಇದರ ಮೇಲೆ.

ಜಾಸ್ತಿ ಕಷ್ಟವಾದದ್ದು ಇನ್ನೊಂದು. ಬಡ್ತಿ ಸಿಕ್ಕ ಆ ಇಬ್ಬರನ್ನೂ ಪ್ರತಿವಾದಿಗಳಾಗಿ ಸೇರಿಸಲೇಬೇಕು. ಆದೇಶದಿಂದ ತೊಂದರೆ ಆಗಬಹುದಾದವರ ಮಾತು ಕೇಳದೆ ತೀರ್ಪು ಕೊಡುವುದಿಲ್ಲ, ನ್ಯಾಯ ಅಲ್ವಾ ಅದು. ಅವರಲ್ಲಿ ಒಬ್ಬರು ಹತ್ತು ವರ್ಷ ನನ್ನ ಪಕ್ಕದ ಟೇಬಲ್ಲಿನಲ್ಲಿ ಕೂತವರು. ನೋಟಿಸ್ ಹೋಗುವ ಮೊದಲೇ ಅವರನ್ನು ಕ್ಯಾಂಟೀನಿಗೆ ಕರೆದೆ. "ನಿಮ್ಮ ಮೇಲೆ ಏನೂ ಇಲ್ಲ, ಕೇಸಿಗೆ ಹೆಸರು ಬೇಕು" ಅಂದೆ. ಅವರು ಕಾಫಿ ಲೋಟ ಹಿಡಿದುಕೊಂಡು ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ, "ನಿಮ್ಮ ಜಾಗದಲ್ಲಿ ನಾನಿದ್ರೂ ಹೀಗೇ ಮಾಡ್ತಿದ್ದೆ ಮೇಡಂ" ಅಂದರು. ಆ ಮಾತಿನ ಋಣ ನನ್ನ ಮೇಲಿದೆ.

ಬೆಂಗಳೂರಿನ ಕೆಎಟಿಗೆ, ಅಂದರೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ, ಎಷ್ಟು ಸಲ ರಜೆ ಹಾಕಿ ಓಡಾಡಿದೆನೋ! ಹಲವು ಸಲ ಇಲಾಖೆಯವರು ಕಾಲಾವಕಾಶ ಕೇಳಿದರು, ಕೇಸು ಮುಂದಕ್ಕೆ ಹೋಯಿತು.

ಕೊನೆಗೆ ಆದೇಶ ಬಂತು. ತಿಳಿಸದ ಷರಾವನ್ನು ಬದಿಗಿಟ್ಟು, ಅಂದಿನ ತಾರೀಖಿಗೇ ಅನ್ವಯವಾಗುವಂತೆ ಮೂರು ತಿಂಗಳಲ್ಲಿ ಮರುಪರಿಗಣಿಸಿ ಅಂತ. ಬಡ್ತಿ ಕೊಡಿ ಅಂತ ಎಲ್ಲೂ ಇರಲಿಲ್ಲ. 1997ರ ಚಂದ್ರಕುಮಾರ್ ತೀರ್ಪಿನ ನಂತರ ಇಂಥ ಆದೇಶವನ್ನು ಹೈಕೋರ್ಟಿನಲ್ಲಿ ಪ್ರಶ್ನಿಸಬಹುದು. ಹಾಗಾಗಿ ನನ್ನ ಮಾತು ಕೇಳದೆ ಆದೇಶ ಕೊಡಬಾರದು ಅಂತ ಹೈಕೋರ್ಟಿನಲ್ಲಿ ಮುಂಚೆಯೇ ಕೇವಿಯಟ್ ಹಾಕಿಸಿದೆ. ಇಲಾಖೆ ಹೋಗಲಿಲ್ಲ. ಸಮಿತಿ ಮತ್ತೆ ಸೇರಿತು. ನಮ್ಮದು ಜ್ಯೇಷ್ಠತೆ ಆಧಾರದ ಬಡ್ತಿ. ಷರಾ ತೆಗೆದ ಮೇಲೆ ನನ್ನನ್ನು ಬಿಡಲು ಕಾರಣ ಉಳಿದಿರಲಿಲ್ಲ. ಆ ಇಬ್ಬರ ಬಡ್ತಿಯೂ ಉಳಿಯಿತು, ಅವರಿಗೆ ಸಿಕ್ಕ ದಿನದಿಂದಲೇ ನನಗೂ ಸಿಕ್ಕಿತು.

ಆದರೆ ಹುದ್ದೆಯಲ್ಲಿ ಕೆಲಸ ಮಾಡಿಲ್ಲ ಅಂತ ಹಳೆಯ ಸಂಬಳದ ಬಾಕಿ ಕೊಟ್ಟಿಲ್ಲ. ಕೆಲಸ ಮಾಡದಂತೆ ತಡೆದದ್ದು ನಾನಲ್ಲವಲ್ಲ. ಅದಕ್ಕೆ ಹೋದ ತಿಂಗಳು ಇನ್ನೊಂದು ಮನವಿ ಕೊಟ್ಟೆ. ನನ್ನ ಪ್ರತಿಯ ಮೇಲೆ ಸೀಲು ಇದೆ. ಆರು ತಿಂಗಳು ಮುಗಿಯುವ ತಾರೀಖನ್ನು ಅಡುಗೆಮನೆಯ ಕ್ಯಾಲೆಂಡರಿನಲ್ಲಿ ಕೆಂಪು ಪೆನ್ನಿನಲ್ಲಿ ಗುರುತು ಹಾಕಿಟ್ಟಿದ್ದೇನೆ.